ಮ್ಯಾಕ್‌ಟಾಗರ್ಟ್ ಇಂಪ್ರೆಷನಿಸ್ಟ್ ಹೌದೋ ಅಲ್ಲವೋ?

ಚಿತ್ರಕಾರ ವಿಲಿಯಂ ಮ್ಯಾಕ್‌ಟಾಗರ್ಟ್ ಹೆಸರು ಬಂದಲ್ಲೆಲ್ಲ ‘ಸ್ಕಾಟ್ಲೆಂಡಿನ ಇಂಪ್ರೆಷನಿಸ್ಟ್’ ಎಂಬ ಮಾತೂ ಬರುತ್ತದೆ. ಇಂಪ್ರೆಷನಿಸ್ಟರು ಅಂದರೆ ಆ ಕ್ಷಣದ ಬೆಳಕು, ಬಣ್ಣವನ್ನು ಸಡಿಲ ಕುಂಚದಲ್ಲಿ ಹಿಡಿದ ಫ್ರಾನ್ಸಿನ ಚಿತ್ರಕಾರರು. ಅದರ ಬೆನ್ನಿಗೇ ವಾದವೂ ಬರುತ್ತದೆ. ಇವರು ಫ್ರಾನ್ಸಿನವರನ್ನು ನೋಡಿ ಕಲಿತರೇ, ತಾವೇ ದಾರಿ ಕಂಡುಕೊಂಡರೇ?

ಹುಟ್ಟಿದ್ದು 1835ರಲ್ಲಿ, ಪಶ್ಚಿಮ ಸ್ಕಾಟ್ಲೆಂಡಿನ ಕಿಂಟೈರ್‌ನಲ್ಲಿ, ಬಡವರ ಮನೆಯಲ್ಲಿ. ಹುಡುಗನಾಗಿದ್ದಾಗಲೇ ಔಷಧಿ ಅಂಗಡಿಯ ಕೆಲಸಕ್ಕೆ ಸೇರಿದರು. 1852ರಲ್ಲಿ ಎಡಿನ್‌ಬರೋಗೆ ಬಂದು, ಟ್ರಸ್ಟೀಸ್ ಅಕಾಡೆಮಿ ಎಂಬ ಕಲಾಶಾಲೆಯಲ್ಲಿ ರಾಬರ್ಟ್ ಸ್ಕಾಟ್ ಲಾಡರ್ ಹತ್ತಿರ ಕಲಿತರು. ಸಹಪಾಠಿಗಳಾದ ಆರ್ಚರ್ಡ್‌ಸನ್, ಪೆಟ್ಟಿ ಲಂಡನ್ ದಾರಿ ಹಿಡಿದರು. ಇವರು ಸ್ಕಾಟ್ಲೆಂಡಿನಲ್ಲೇ ಉಳಿದರು. 1864ರ ‘ಸ್ಪ್ರಿಂಗ್’ ಚಿತ್ರದಲ್ಲಿ ಹುಲ್ಲು, ಮಕ್ಕಳು ಎಲ್ಲ ಅಚ್ಚುಕಟ್ಟು. ಇಂಪ್ರೆಷನಿಸಂನ ಸುಳಿವೇ ಇಲ್ಲ.

ಕೈ ಸಡಿಲವಾಗಿದ್ದು ಕಡಲಿನ ಮುಂದೆ. 1870ರ ದಶಕದಿಂದ ಕಿಂಟೈರ್‌ನ ಮಾಕ್ರಿಹಾನಿಶ್ ತೀರಕ್ಕೆ ಮತ್ತೆ ಮತ್ತೆ ಹೋಗಿ ಬಯಲಲ್ಲೇ ಚಿತ್ರ ಬರೆದರು. ಗಾಳಿ, ನೊರೆ, ಓಡುವ ಮೋಡ ಯಾರಿಗೂ ಕಾಯುವುದಿಲ್ಲ, ಅಲ್ವಾ? ಕುಂಚ ಬೇಗ ಓಡಲೇಬೇಕು. ಪ್ಯಾರಿಸ್‌ನಲ್ಲಿ ಇಂಪ್ರೆಷನಿಸ್ಟರ ಮೊದಲ ಪ್ರದರ್ಶನ ನಡೆದದ್ದು 1874ರಲ್ಲಿ. ಕಾಲ ಕೂಡಿಬಂತು, ಬಿರುದು ಅಂಟಿಕೊಂಡಿತು. ಮ್ಯಾಕ್‌ಟಾಗರ್ಟ್ ತೀರಿಕೊಂಡದ್ದು 1910ರಲ್ಲಿ. 1917ರಲ್ಲಿ ಅಳಿಯ ಜೇಮ್ಸ್ ಕಾ ಜೀವನಚರಿತ್ರೆ ಬರೆದು, ಇದು ಸ್ವಂತ ದಾರಿ ಎಂದು ವಾದಿಸಿದರು. ಆಮೇಲಿನವರು ಇಂಗ್ಲೆಂಡಿನ ಹಿಂದಿನ ಚಿತ್ರಕಾರರಾದ ಟರ್ನರ್, ಕಾನ್‌ಸ್ಟೇಬಲ್ ನೆರಳನ್ನೂ ಗುರುತಿಸಿದರು. ವಾದ ಬೆಳೆಯುತ್ತಲೇ ಹೋಯಿತು.

ಈ ಗದ್ದಲದಲ್ಲಿ ಚಿತ್ರದೊಳಗಿನ ಜನ ಮರೆಯಾದರು ಅನ್ನುವುದೇ ಬೇಸರ. 1890ರ ‘ದಿ ಸ್ಟಾರ್ಮ್’ ಮುಂದೆ ನಿಂತರೆ ಮೊದಲು ಕಾಣುವುದು ಬರೀ ಬಿರುಗಾಳಿ. ಸ್ವಲ್ಪ ಹೊತ್ತು ಸುಮ್ನೆ ನೋಡುತ್ತಿದ್ದರೆ ದಡದಲ್ಲಿ ಮನುಷ್ಯರು ಮೂಡುತ್ತಾರೆ. ಹುಲ್ಲು, ಬಂಡೆ ಬರೆದ ಕುಂಚದಲ್ಲೇ ಅವರನ್ನೂ ಬರೆದಿದ್ದಾರೆ. ಅತ್ತ ದೋಣಿ ಅಪಾಯದಲ್ಲಿದೆ. ಬೆಳಕಿನ ಆಟಕ್ಕಾಗಿ ಬರೆದ ಕಡಲಲ್ಲ ಇದು. ಮೀನುಗಾರರ ಅನ್ನ, ಅವರ ಸಾವು ಎರಡೂ ಇರುವ ಕಡಲು.

1895ರ ‘ದಿ ಸೇಲಿಂಗ್ ಆಫ್ ದಿ ಎಮಿಗ್ರೆಂಟ್ ಶಿಪ್’ ಇನ್ನೂ ಕಲಕುತ್ತದೆ. ಕುರಿ ಸಾಕಣೆಗೆ ಜಾಗ ಬೇಕೆಂದು ಸ್ಕಾಟ್ಲೆಂಡಿನ ಗುಡ್ಡಗಾಡು ಸೀಮೆಯಾದ ಹೈಲ್ಯಾಂಡ್ಸ್‌ನ ಎಷ್ಟೋ ಊರುಗಳನ್ನು ಒಕ್ಕಲೆಬ್ಬಿಸಿದ್ದರು. ಬಡತನವೂ ಜಾಸ್ತಿಯಾಗಿ ಸಾವಿರಾರು ಜನ ಕಡಲು ದಾಟಿದರು. ಚಿತ್ರದಲ್ಲಿ ಹಡಗು ಆಗಲೇ ದೂರ ಹೋಗಿದೆ. ಆಕಾಶದಲ್ಲಿ ತುಂಡು ಕಾಮನಬಿಲ್ಲು. ದಡದಲ್ಲಿ ಉಳಿದವರು ಮರಳು, ಕಲ್ಲಿನ ಬಣ್ಣದಲ್ಲೇ ಕರಗಿದ್ದಾರೆ. ಹುಡುಕಿದರೆ ಮಾತ್ರ ಸಿಗುತ್ತಾರೆ.