ಬನ್ನೇರುಘಟ್ಟದ ಸಫಾರಿಯಲ್ಲಿ ಕಾಣುವುದು ರಾಷ್ಟ್ರೀಯ ಉದ್ಯಾನವೇ?

ಓದುಗರ ಪ್ರಶ್ನೆ: ಮಕ್ಕಳನ್ನು ಕರೆದುಕೊಂಡು ಬನ್ನೇರುಘಟ್ಟಕ್ಕೆ ಹೋಗಿದ್ದೆವು. ಸಫಾರಿಯಲ್ಲಿ ಹುಲಿ, ಸಿಂಹ ಎರಡೂ ಕಂಡವು. ನಾವು ನೋಡಿದ್ದು ರಾಷ್ಟ್ರೀಯ ಉದ್ಯಾನವನ್ನೇ? ಹಾಗಿದ್ದರೆ ಕಾಡಿನ ಪ್ರಾಣಿಗಳಿಗೆ ಬೇಲಿ ಯಾಕೆ?

ಉತ್ತರ: ಅಲ್ಲ. ಸಿಂಹ ಕಂಡಿತು ಅಂದಿರಲ್ಲ, ಗುರುತು ಅಲ್ಲೇ ಇದೆ. ಕರ್ನಾಟಕದ ಯಾವ ಕಾಡಿನಲ್ಲೂ ಸಿಂಹವಿಲ್ಲ. ನಮ್ಮ ದೇಶದಲ್ಲಿ ಅದು ಸ್ವತಂತ್ರವಾಗಿ ಬದುಕಿರುವುದು ಗುಜರಾತಿನ ಗಿರ್ ಸುತ್ತಮುತ್ತ ಮಾತ್ರ. ನೀವು ಸುತ್ತಾಡಿದ್ದು ಬನ್ನೇರುಘಟ್ಟ ಜೈವಿಕ ಉದ್ಯಾನ. ಕಾನೂನಿನ ಕಣ್ಣಿಗೆ ಅದೊಂದು ಮೃಗಾಲಯ. 2002ರಲ್ಲಿ ಅದನ್ನು ರಾಷ್ಟ್ರೀಯ ಉದ್ಯಾನದಿಂದ ಬೇರ್ಪಡಿಸಿ ಕರ್ನಾಟಕ ಮೃಗಾಲಯ ಪ್ರಾಧಿಕಾರದ ಕೈಗೆ ಕೊಟ್ಟರು. ವಿಸ್ತೀರ್ಣ ಏಳು ಚದರ ಕಿಲೋಮೀಟರಿಗಿಂತ ತುಸು ಹೆಚ್ಚು.

ರಾಷ್ಟ್ರೀಯ ಉದ್ಯಾನ ಇರುವುದು ಅದರಾಚೆಗೆ. 1974ರಲ್ಲಿ ಘೋಷಣೆಯಾದಾಗ ಸುಮಾರು 104 ಚದರ ಕಿಲೋಮೀಟರ್ ಇತ್ತು, ಮುಂದೆ ದಕ್ಷಿಣದ ಕಾಡುಗಳು ಸೇರಿ 260 ದಾಟಿತು. ಆನೇಕಲ್, ಹಾರೋಹಳ್ಳಿ, ಕೋಡಿಹಳ್ಳಿ ಕಡೆಗೆ ಹಬ್ಬಿ, ಅಲ್ಲಿಂದ ಕಾವೇರಿ ತೀರದ ಕಾಡಿಗೂ ತಮಿಳುನಾಡಿನ ತಳಿ ಕಾಡಿಗೂ ಕೈ ಚಾಚುತ್ತದೆ. ಆನೆಗಳು ಓಡಾಡುವ ದಾರಿ ಇದು. ರಾಗಿ ತೆನೆ ಬಲಿಯುವ ಹೊತ್ತಿಗೆ ಕಾಡಂಚಿನ ಹೊಲಗಳಲ್ಲಿ ರಾತ್ರಿ ಕಾವಲು ಶುರುವಾಗುವುದು ಇದೇ ಕಾರಣಕ್ಕೆ. ಆನೆ ಕಂದಕ ತೋಡಿದರೂ ಮಳೆಗೆ ಅಂಚು ಕುಸಿದ ಕಡೆ, ಹಳ್ಳ ಹಾಯುವ ಕಡೆ ಆನೆ ಇಳಿದು ಹತ್ತಿಬಿಡುತ್ತದೆ. ಸೋಲಾರ್ ಬೇಲಿಯ ತಂತಿಗೆ ಹುಲ್ಲು ಬಳ್ಳಿ ತಾಗಿದರೆ ಕರೆಂಟ್ ನೆಲಕ್ಕಿಳಿದು ಹೋಗುತ್ತದೆ; ಬುಡ ಸವರುತ್ತಲೇ ಇರಬೇಕು.

ಹಾಗಾದರೆ "ರಾಷ್ಟ್ರೀಯ ಉದ್ಯಾನ" ಅಂದರೇನು? ಪಾರ್ಕ್ ಎಂಬ ಮಾತು ಕೇಳಿ ನಮಗೆ ಲಾಲ್‌ಬಾಗ್, ಕಬ್ಬನ್ ಪಾರ್ಕ್ ನೆನಪಾಗುತ್ತವೆ, ಗೊಂದಲ ಶುರುವಾಗುವುದೇ ಅಲ್ಲಿ. ನಮ್ಮ ದೇಶದ ಮೊದಲ ರಾಷ್ಟ್ರೀಯ ಉದ್ಯಾನ 1936ರಲ್ಲಿ ಆಗಿನ ಸಂಯುಕ್ತ ಪ್ರಾಂತ್ಯದಲ್ಲಿ (ಈಗಿನ ಉತ್ತರ ಪ್ರದೇಶ, ಉತ್ತರಾಖಂಡ) ಆದದ್ದು. ಅಲ್ಲಿ ಗವರ್ನರ್ ಆಗಿದ್ದ ಹೇಲಿಯ ಹೆಸರಿಟ್ಟಿದ್ದರು. ಈಗ ಅದು ಕಾರ್ಬೆಟ್. ಮೈಸೂರು ಸಂಸ್ಥಾನದಲ್ಲಿ ಇನ್ನೂ ಮೊದಲೇ, 1931ರಲ್ಲಿ, ಬಂಡೀಪುರದ 90 ಚದರ ಕಿಲೋಮೀಟರ್ ಕಾಡನ್ನು ಅಭಯಾರಣ್ಯವಾಗಿ ಕಾದಿಟ್ಟರು. ಹತ್ತು ವರ್ಷಕ್ಕೆ ಅದನ್ನು ಹಿಗ್ಗಿಸಿ, ಹಿಮವದ್ ಗೋಪಾಲಸ್ವಾಮಿಯ ಹೆಸರಿನಲ್ಲಿ ವೇಣುಗೋಪಾಲ ವನ್ಯಜೀವಿ ಉದ್ಯಾನ ಎಂದರು.

ಆದರೆ ಆಗ ಇಡೀ ದೇಶಕ್ಕೆ ಒಂದೇ ಕಾನೂನು ಇರಲಿಲ್ಲ. ವನ್ಯಜೀವಿ ರಾಜ್ಯಗಳ ವಿಷಯವಾಗಿತ್ತು. ರಾಜ್ಯಗಳು ನಿರ್ಣಯ ಮಾಡಿ ಕೇಳಿಕೊಂಡ ಮೇಲೆಯೇ ಸಂಸತ್ತು 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆ ತರಲು ಸಾಧ್ಯವಾಯಿತು. 1973ರ ಏಪ್ರಿಲ್ 1ರಂದು ಹುಲಿ ಯೋಜನೆ ಆರಂಭವಾದಾಗ ಮೊದಲ ಒಂಬತ್ತು ಕಾಡುಗಳಲ್ಲಿ ಬಂಡೀಪುರವೂ ಇತ್ತು. 1976ರ ಸಂವಿಧಾನ ತಿದ್ದುಪಡಿಯಲ್ಲಿ ಕಾಡು, ವನ್ಯಜೀವಿ ಎರಡೂ ಸಮವರ್ತಿ ಪಟ್ಟಿಗೆ, ಅಂದರೆ ಕೇಂದ್ರ ರಾಜ್ಯ ಎರಡೂ ಕಾನೂನು ಮಾಡಬಹುದಾದ ವಿಷಯಗಳ ಪಟ್ಟಿಗೆ ಬಂದವು. ನಾಗರಹೊಳೆ, ಅಣಶಿ, ಕುದುರೆಮುಖಗಳು 1980ರ ದಶಕದಲ್ಲಿ 1972ರ ಕಾಯ್ದೆಯಡಿ ಬಂದವು.

ಈ ಕಾಯ್ದೆಯ 35ನೇ ಕಲಂ ಓದಿದರೆ ವಿಷಯ ತಿಳಿಯಾಗುತ್ತದೆ. ಸರ್ಕಾರ ಮೊದಲು ಉದ್ದೇಶದ ಅಧಿಸೂಚನೆ ಹೊರಡಿಸಿ ಚಕ್ಕುಬಂದಿ ಹೇಳಬೇಕು. ಆಮೇಲೆ ಆ ಗಡಿಯೊಳಗೆ ಯಾರ ಜಮೀನಿದೆ, ಯಾರಿಗೆ ಏನು ಹಕ್ಕಿದೆ ಎಂಬ ವಿಚಾರಣೆ. ಹಕ್ಕುಗಳೆಲ್ಲ ಇತ್ಯರ್ಥವಾದ ಮೇಲೆಯೇ ಅಂತಿಮ ಅಧಿಸೂಚನೆ. ತಡವಾಗುವುದು ನಡುವಿನ ಈ ಹಂತದಲ್ಲೇ. ಕುದುರೆಮುಖದ ಉದ್ದೇಶ ಪ್ರಕಟವಾದದ್ದು 1987ರಲ್ಲಿ, ಅಂತಿಮ ಅಧಿಸೂಚನೆ ಬಂದದ್ದು 2001ರಲ್ಲಿ. ಅಲ್ಲಿನ ಕಬ್ಬಿಣದ ಅದಿರಿನ ಗಣಿಗಾರಿಕೆ ನಿಲ್ಲಲು ಸುಪ್ರೀಂ ಕೋರ್ಟ್ ಆದೇಶವೇ ಬೇಕಾಯಿತು. 2005ರ ಕೊನೆಗೆ ನಿಂತಿತು.

ಅಭಯಾರಣ್ಯಕ್ಕೂ ರಾಷ್ಟ್ರೀಯ ಉದ್ಯಾನಕ್ಕೂ ವ್ಯತ್ಯಾಸ ಇರುವುದೂ ಈ ಹಕ್ಕುಗಳ ವಿಷಯದಲ್ಲೇ. ಅಭಯಾರಣ್ಯದಲ್ಲಿ ಕೆಲವು ಹಕ್ಕುಗಳನ್ನು ಮುಂದುವರಿಸಲು ಅವಕಾಶವುಂಟು. ರಾಷ್ಟ್ರೀಯ ಉದ್ಯಾನದಲ್ಲಿ ದನ ಮೇಯಿಸುವಂತಿಲ್ಲ, ದನ ಒಳಗೆ ಕಾಲಿಡುವಂತೆಯೂ ಇಲ್ಲ. ಕಾನೂನು ಕೊಟ್ಟ ವಿನಾಯಿತಿ ಒಂದೇ: ಅನುಮತಿ ಇರುವವನ ಗಾಡಿ ಎಳೆಯುವ ಎತ್ತಿನಂಥ, ವಾಹನವಾಗಿ ಬಳಸುವ ಪ್ರಾಣಿ. ಕಾಡಂಚಿನ ಹಸು ಸಾಕುವವರಿಗೆ ಇದೆಷ್ಟು ಕಷ್ಟ ಎಂಬುದನ್ನು ನಗರದಲ್ಲಿ ಕುಳಿತ ನಾವು ಮರೆಯಬಾರದು.

ಬೇಲಿಯ ವಿಷಯಕ್ಕೆ ಬಂದರೆ, ನೀವು ಕಂಡ ಬೇಲಿ ಸಫಾರಿಯ ಹುಲಿ ಸಿಂಹಗಳು ಹೊರಬಾರದಿರಲಿ ಎಂದು ಹಾಕಿದ್ದು. ಉದ್ಯಾನದ ಗಡಿ ಗೆಜೆಟ್‌ನಲ್ಲಿ ಬರೆದ ಗೆರೆ. ನೆಲದ ಮೇಲೆ ಗಡಿಕಲ್ಲು, ಕಂದಕ ಅಲ್ಲಲ್ಲಿ ಸಿಗುತ್ತವೆ.

ಗೆರೆಯ ಹೊರಗೆ ಇನ್ನೊಂದು ಪಟ್ಟಿ ಇದೆ, ಕಾಡಿಗೆ ಧಕ್ಕೆಯಾಗುವ ಚಟುವಟಿಕೆಗಳಿಗೆ ಕಡಿವಾಣ ಹಾಕುವ ಪರಿಸರ ಸೂಕ್ಷ್ಮ ವಲಯ. 2016ರ ಕರಡಿನಲ್ಲಿ ಅದು 268.96 ಚದರ ಕಿಲೋಮೀಟರ್ ಇತ್ತು. 2020ರ ಅಂತಿಮ ಅಧಿಸೂಚನೆಯಲ್ಲಿ 168.84ಕ್ಕೆ ಇಳಿಯಿತು. ಬೆಂಗಳೂರಿನ ದಿಕ್ಕಿನಲ್ಲಿ ಕೆಲವೆಡೆ ಅದರ ಅಗಲ ನೂರೇ ಮೀಟರ್. ಕಾಡಿಗೆ ಒತ್ತಡ ಹೆಚ್ಚಿರುವ ದಿಕ್ಕಿನಲ್ಲೇ ಪಟ್ಟಿ ತೆಳುವಾದದ್ದು ದೊಡ್ಡ ತಪ್ಪು ಎಂದೇ ನಮ್ಮ ಅಭಿಪ್ರಾಯ.

ಆ ಕಡೆ ಸೈಟು ಕೊಳ್ಳುವವರು "ಕಾಡಿನ ವ್ಯೂ ಇದೆ" ಎಂಬ ಮಾತಿಗೆ ಮರುಳಾಗಬೇಡಿ. ಪಹಣಿಯಲ್ಲಿರುವ ಸರ್ವೆ ನಂಬರ್ ಹಿಡಿದುಕೊಂಡು ಮೊದಲು ಗ್ರಾಮನಕ್ಷೆ ನೋಡಿ, ನಂತರ ವಲಯದ ಅಧಿಸೂಚನೆಯ ಅನುಬಂಧದಲ್ಲಿ ಆ ಹಳ್ಳಿಯ ಹೆಸರಿದೆಯೇ ಹುಡುಕಿ. ಹೆಸರಿದ್ದರೆ, ಮುಂಗಡ ಕೊಡುವ ಮುನ್ನವೇ ಅರಣ್ಯ ಇಲಾಖೆಯ ವಿಭಾಗ ಕಚೇರಿಗೆ ಲಿಖಿತ ಅರ್ಜಿ ಕೊಟ್ಟು, ಆ ಸರ್ವೆ ನಂಬರ್ ಉದ್ಯಾನದ ಗಡಿಯಿಂದ ಎಷ್ಟು ದೂರದಲ್ಲಿದೆ ಎಂಬುದಕ್ಕೆ ಲಿಖಿತ ಉತ್ತರವನ್ನೇ ಪಡೆಯಿರಿ.