ಗುತ್ತಿಗೆ ಕೆಲಸಕ್ಕೆ ಪೊಲೀಸ್ ರಕ್ಷಣೆ ಯಾವಾಗ ಸಿಗುತ್ತದೆ?

ಮಂಗಳೂರು, ಪುತ್ತೂರು ಕಡೆಯ ಕಂಟ್ರಾಕ್ಟರುಗಳು ಕಾಸರಗೋಡಿನಲ್ಲಿ ಕೆಲಸ ಹಿಡಿದರೆ ಒಂದಲ್ಲ ಒಂದು ದಿನ ನಮ್ಮಂಥ ವಕೀಲರಿಗೆ ಫೋನ್ ಬರುತ್ತದೆ. "ಲಾರಿ ತಡೆದಿದ್ದಾರೆ ಸಾರ್, ಲೋಡ್ ಇಳಿಸಲು ಬಿಡುತ್ತಿಲ್ಲ. ಸ್ಟೇಷನ್‌ಗೆ ಹೋದರೆ ಇದು ಸಿವಿಲ್ ಮ್ಯಾಟರ್ ಅಂತಾರೆ." ಮುಂದಿನ ಪ್ರಶ್ನೆಯೂ ಗೊತ್ತಿದ್ದದ್ದೇ: ಎರ್ನಾಕುಳಂಗೆ ಹೋಗಿ ಹೈಕೋರ್ಟಿನಿಂದ ಪೊಲೀಸ್ ಪ್ರೊಟೆಕ್ಷನ್ ತರಬಹುದಾ?

ತರಬಹುದು. ಕೇರಳ ಹೈಕೋರ್ಟಿನಲ್ಲಿ ಇಂಥ ರಿಟ್ ಅರ್ಜಿ ಮಾಮೂಲು. ಸಂವಿಧಾನದ 226ನೇ ವಿಧಿಯಡಿ ನಾವು ಕೇಳುವುದು ಇಷ್ಟೇ: ಕಾನೂನು ಪ್ರಕಾರ ನಡೆಯುವ ಕೆಲಸಕ್ಕೆ ಅಡ್ಡ ಬರುತ್ತಿದ್ದಾರೆ, ದೂರು ಕೊಟ್ಟರೂ ಪೊಲೀಸರು ಸುಮ್ಮನಿದ್ದಾರೆ, ಅವರ ಕರ್ತವ್ಯ ಅವರು ಮಾಡಲಿ. ಆದ್ದರಿಂದ ಮೊದಲು ಠಾಣೆಗೆ ಬರಹದಲ್ಲಿ ದೂರು ಕೊಡಿ, ರಸೀದಿ ಇಟ್ಟುಕೊಳ್ಳಿ, ಒಂದು ಪ್ರತಿ ಜಿಲ್ಲಾ ಪೊಲೀಸ್ ಮುಖ್ಯಸ್ಥರಿಗೂ ಹೋಗಲಿ. ದೂರೇ ಕೊಡದಿದ್ದರೆ ಪೊಲೀಸರು ಏನೂ ಮಾಡಲಿಲ್ಲ ಅಂತ ಕೋರ್ಟಿಗೆ ಹೇಳುವುದು ಹೇಗೆ? ಅಡ್ಡ ನಿಂತವರನ್ನೂ ಎದುರುದಾರರಾಗಿ ಸೇರಿಸಬೇಕು. ಅವರ ಮಾತು ಕೇಳದೆ ಪಡೆದ ಆದೇಶ ಹೆಚ್ಚು ದಿನ ಬಾಳುವುದಿಲ್ಲ.

ಲೋಡಿಂಗ್ ವಿಷಯದಲ್ಲಿ ಇನ್ನೊಂದು ತೊಡಕಿದೆ. ಕೇರಳದಲ್ಲಿ ಹಮಾಲಿಗಳಿಗೆ 1978ರದ್ದೊಂದು ಪ್ರತ್ಯೇಕ ಕಾಯ್ದೆ ಇದೆ. ಅದರ ಯೋಜನೆ ಜಾರಿಯಲ್ಲಿರುವ ಊರಿನಲ್ಲಿ ನೋಂದಣಿಯಾದ ಕಾರ್ಮಿಕರಿಗೆ ಕೆಲಸದ ಹಕ್ಕಿದೆ. ನಿಮ್ಮ ಆಳುಗಳಿಗೆ ನೋಂದಣಿ ಕಾರ್ಡ್ ಇಲ್ಲದಿದ್ದರೆ ಕೋರ್ಟ್ ನಿಮ್ಮ ಪರ ನಿಲ್ಲುವುದು ಕಷ್ಟ. ಕೆಲಸವನ್ನೇ ಮಾಡದೆ, ನಿಂತು ನೋಡಿದ್ದಕ್ಕೆ ದುಡ್ಡು ಕೇಳುವ ನೋಕ್ಕುಕೂಲಿ ಬೇರೆ. ಅದನ್ನು ಕೇರಳ ಸರ್ಕಾರ 2018ರ ಮೇ 1ರಿಂದ ನಿಷೇಧಿಸಿದೆ. ಎರಡನ್ನೂ ಒಂದೇ ಅರ್ಜಿಯಲ್ಲಿ ಕಲಸಿ ಬರೆದರೆ ಗಟ್ಟಿ ವಾದವೂ ಸಡಿಲವಾಗುತ್ತದೆ.

ಜಾಸ್ತಿ ಜನ ಎಡವುವುದು ಇಲ್ಲಿ. ಕೆಲಸ ಕೊಟ್ಟವರೇ ಗುತ್ತಿಗೆ ರದ್ದು ಮಾಡಿ ಸೈಟಿನ ಗೇಟಿಗೆ ಬೀಗ ಹಾಕಿರುತ್ತಾರೆ. ಅದಕ್ಕೂ ಪೊಲೀಸ್ ರಕ್ಷಣೆ ಬೇಕಂತೆ! ಹಕ್ಕು ಯಾರದು ಎನ್ನುವುದೇ ತೀರ್ಮಾನವಾಗದಿರುವಾಗ, ಪೊಲೀಸ್ ರಕ್ಷಣೆಯ ನೆಪದಲ್ಲಿ ಅದನ್ನು ರಿಟ್ ಅರ್ಜಿಯಲ್ಲಿ ತೀರ್ಮಾನಿಸುವಂತಿಲ್ಲ. ಕೇರಳದಿಂದಲೇ ಹೋದ ಮುರಳೀಧರನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2006ರಲ್ಲಿ ಇದನ್ನು ಬಿಡಿಸಿ ಹೇಳಿದೆ. ಇಂಥವರು ಸಿವಿಲ್ ಕೋರ್ಟಿಗೆ ಹೋಗಬೇಕು. ಅಲ್ಲಿ ತಡೆಯಾಜ್ಞೆ ಸಿಕ್ಕಿ, ಅದನ್ನೂ ಎದುರಿನವರು ಮುರಿದರೆ, ಸಿವಿಲ್ ಪ್ರಕ್ರಿಯಾ ಸಂಹಿತೆಯ 151ನೇ ಕಲಮಿನಡಿ ಅದೇ ಕೋರ್ಟಿನಲ್ಲಿ ಪೊಲೀಸ್ ನೆರವು ಕೇಳಬಹುದು. ಗಡಿಯ ಈಚೆ ಕರ್ನಾಟಕದಲ್ಲೂ ಇದೇ ದಾರಿ.

ಇನ್ನು ಆದೇಶ ಕೈಗೆ ಬಂದರೆ ಕೆಲಸ ಶುರುವಾಯಿತು ಅಂದುಕೊಳ್ಳಬೇಡಿ. ತಿರುವನಂತಪುರದ ಹತ್ತಿರ ಕಟ್ಟುತ್ತಿದ್ದ ವಿಳಿಂಜಂ ಬಂದರಿನದ್ದೇ ನೋಡಿ. 2022ರ ಆಗಸ್ಟಿನಲ್ಲಿ ತಿರುವನಂತಪುರದ ಲ್ಯಾಟಿನ್ ಚರ್ಚಿನ ಮುಂದಾಳತ್ವದಲ್ಲಿ ಮೀನುಗಾರರು ಬಂದರಿನ ಗೇಟಿನೆದುರು ಧರಣಿ ಕೂತರು. ಬಂದರಿನ ಕೆಲಸದಿಂದ ಕಡಲ್ಕೊರೆತ ಹೆಚ್ಚಿತು ಎನ್ನುವುದು ಅವರ ದೂರು. ಕಡಲ್ಕೊರೆತಕ್ಕೆ ಮನೆ ಕಳೆದುಕೊಂಡವರ ಸಿಟ್ಟು ಅದು, ಸುಳ್ಳು ನೆಪವಲ್ಲ. ಬಂದರು ಕಟ್ಟುತ್ತಿದ್ದ ಅದಾನಿ ಕಂಪೆನಿ ಹೈಕೋರ್ಟಿಗೆ ಹೋಯಿತು, ಅದರ ಗುತ್ತಿಗೆದಾರ ಸಂಸ್ಥೆಯೂ ಹೋಯಿತು. ಸೆಪ್ಟೆಂಬರ್ 1ಕ್ಕೆ ಆದೇಶ ಬಂತು: ಕೆಲಸಕ್ಕೂ ಕೆಲಸಗಾರರಿಗೂ ರಕ್ಷಣೆ ಕೊಡಿ, ರಾಜ್ಯದ ಕೈಲಾಗದಿದ್ದರೆ ಕೇಂದ್ರದ ಪಡೆಯ ನೆರವು ಕೇಳಿ, ಪ್ರತಿಭಟನೆ ಶಾಂತವಾಗಿ ನಡೆಯಬಹುದು, ಆದರೆ ಒಳಗೆ ನುಗ್ಗುವಂತಿಲ್ಲ, ದಾರಿ ಕಟ್ಟುವಂತಿಲ್ಲ. ಆದರೂ ದಾರಿ ತೆರೆಯಲಿಲ್ಲ. ಕಂಪೆನಿ ನ್ಯಾಯಾಂಗ ನಿಂದನೆಯ ಅರ್ಜಿ ಹಾಕಿತು. ನವೆಂಬರ್ 27ರ ರಾತ್ರಿ ವಿಳಿಂಜಂ ಪೊಲೀಸ್ ಠಾಣೆಯ ಮೇಲೇ ದಾಳಿಯಾಯಿತು. ಧರಣಿ ನಿಂತದ್ದು ಡಿಸೆಂಬರ್ 6ರಂದು, ಸರ್ಕಾರದ ಜೊತೆ ಮಾತುಕತೆಯಾದ ಮೇಲೆ.

ಅಷ್ಟು ದೊಡ್ಡ ಕಂಪೆನಿಯ ಪಾಡೇ ಹೀಗಾದರೆ ಸಣ್ಣ ಕಂಟ್ರಾಕ್ಟರಿನದ್ದು ಹೇಗೆ, ಅಲ್ವಾ? ಹಾಗಾಗಿ ಆದೇಶದ ಪ್ರತಿಯನ್ನು ಜೇಬಿನಲ್ಲಿಟ್ಟುಕೊಂಡು ಲಾರಿ ಜೊತೆ ನೇರ ಸೈಟಿಗೆ ಹೋಗಬೇಡಿ ಅಂತ ನನ್ನ ಕಕ್ಷಿದಾರರಿಗೆ ಹೇಳುತ್ತೇನೆ. ಮೊದಲು ಠಾಣೆಗೆ ಒಂದು ಪತ್ರ ಕೊಡಿ: ಯಾವ ದಿನ, ಎಷ್ಟು ಗಂಟೆಗೆ, ಎಷ್ಟು ಲಾರಿ, ಯಾವ ದಾರಿಯಲ್ಲಿ. ಆಮೇಲೂ ಪೊಲೀಸರು ಬರದಿದ್ದರೆ, ನಿಂದನೆ ಅರ್ಜಿಗೆ ಆ ಪತ್ರದ ರಸೀದಿಯೇ ಮೊದಲ ದಾಖಲೆ.