ಥಿಯೊಡೊರಿಕ್: ಕಡ ತಂದ ‘ರಾಜ’

ರೋಮ್ ನಗರದ ರಾಷ್ಟ್ರೀಯ ವಸ್ತುಸಂಗ್ರಹಾಲಯದಲ್ಲಿ ಒಂದು ಚಿನ್ನದ ಪದಕವಿದೆ. ಇಟಲಿಯ ಸೆನಿಗಾಲಿಯ ಎಂಬ ಊರಿನ ಹತ್ತಿರ ಸಿಕ್ಕಿದ್ದು. ಕಿವಿ ಮುಚ್ಚುವಷ್ಟು ತಲೆಗೂದಲು ಬಿಟ್ಟ ಗಂಡಸೊಬ್ಬ ಅದರಲ್ಲಿ ನಮ್ಮನ್ನೇ ನೋಡುತ್ತಿದ್ದಾನೆ. ಎಡಗೈಯಲ್ಲಿ ಗೋಳ, ಗೋಳದ ಮೇಲೆ ಪುಟ್ಟ ವಿಜಯದೇವತೆ. ಇಷ್ಟೂ ರೋಮನ್ ಚಕ್ರವರ್ತಿಗಳ ಠೀವಿಯೇ. ಆದರೆ ತುಟಿಯ ಮೇಲೆ ಮೀಸೆಯಿದೆ, ಗದ್ದ ಮಾತ್ರ ನುಣ್ಣಗಿದೆ. ರೋಮಿನ ದೊರೆಗಳು ಗಡ್ಡ ಬಿಟ್ಟರೆ ಪೂರ್ತಿ ಬಿಡುತ್ತಿದ್ದರು, ಇಲ್ಲವೇ ಪೂರ್ತಿ ಬೋಳಿಸುತ್ತಿದ್ದರು. ಬರೀ ಮೀಸೆ ಅವರ ರೂಢಿಯಲ್ಲ. ಇವನು ಗಾಥ್ ಎಂಬ ಜರ್ಮಾನಿಕ್ ಕುಲದವನು. ಪದಕದ ಸುತ್ತ ಲ್ಯಾಟಿನ್ ಅಕ್ಷರಗಳಲ್ಲಿ ‘ರೇಕ್ಸ್ ಥಿಯೊಡೆರಿಕುಸ್’ ಎಂದು ಕೊರೆದಿದ್ದಾರೆ. ಹಿಂಬದಿಯಲ್ಲಿ ‘ವಿಕ್ಟೊರ್ ಗೆಂಟಿಯುಮ್’, ಅಂದರೆ ಜನಾಂಗಗಳನ್ನು ಗೆದ್ದವನು.

ಇತಿಹಾಸದ ಪುಸ್ತಕಗಳು ಇವನನ್ನು ಮಹಾ ಥಿಯೊಡೊರಿಕ್ ಎನ್ನುತ್ತವೆ. ಕ್ರಿ.ಶ. 493ರಲ್ಲಿ ಆಗ ಇಟಲಿಯನ್ನು ಆಳುತ್ತಿದ್ದ ಎದುರಾಳಿ ಓಡೊಯೇಸರನನ್ನು ಔತಣಕ್ಕೆ ಕರೆದು ತನ್ನ ಕೈಯಾರೆ ಕಡಿದು ಹಾಕಿದ. ಅಲ್ಲಿಂದ 526ರಲ್ಲಿ ಸಾಯುವವರೆಗೆ ರವೆನ್ನಾದಲ್ಲಿ ಕೂತು ಇಟಲಿಯನ್ನು ಆಳಿದ. ಆಳಿದ್ದು ಚೆನ್ನಾಗಿಯೇ ಎಂದು ಅವನಿಗೆ ಆಗದವರೂ ಒಪ್ಪುತ್ತಾರೆ. ನನ್ನ ಕುತೂಹಲ ಇರುವುದು ಅವನ ರಾಜ್ಯಭಾರದಲ್ಲಲ್ಲ, ಅವನ ಹೆಸರಿನಲ್ಲಿ. ಇಂದು ಯಾರೂ ಮಗನಿಗೆ ಥಿಯೊಡೊರಿಕ್ ಎಂದು ಹೆಸರಿಡುವುದಿಲ್ಲ ಎಂದರೂ ತಪ್ಪಾಗದು, ಅಷ್ಟು ಅಪರೂಪವಾಗಿದೆ. ಆದರೂ ಯುರೋಪಿನಲ್ಲಿ ಬರವಣಿಗೆ ಹರಡುವ ಮುಂಚಿನ ಒಂದು ವ್ಯವಹಾರಕ್ಕೆ ಈ ಹೆಸರು ಸಾಕ್ಷಿ ಹೇಳುತ್ತದೆ.

ಹೆಸರನ್ನು ಬಿಡಿಸಿದರೆ ಎರಡು ತುಂಡು. ‘ಥಿಯುದ’ ಎಂದರೆ ಜನ, ‘ರೀಕ್ಸ್’ ಎಂದರೆ ಒಡೆಯ. ಜನರ ಒಡೆಯ, ಜನರಾಜ. ಅರ್ಥ ಸಿಕ್ಕಿತು ಎಂದು ಇಲ್ಲಿಗೇ ಪುಸ್ತಕ ಮುಚ್ಚುವವರೇ ಹೆಚ್ಚು. ಮಕ್ಕಳ ಹೆಸರಿನ ಪಟ್ಟಿಗಳೆಲ್ಲ ಮಾಡುವುದು ಇಷ್ಟನ್ನೇ. ಆದರೆ ಹಳೆಯ ಜರ್ಮಾನಿಕ್ ಕುಲಗಳು ಹೆಸರನ್ನು ಹೀಗೆ ವಾಕ್ಯದಂತೆ ಓದುತ್ತಿರಲಿಲ್ಲ. ಅವರ ಬಳಿ ಹೆಸರಿಗೆಂದೇ ಮೀಸಲಾದ ಪದಗಳ ಒಂದು ಗಂಟು ಇತ್ತು: ತೋಳ, ಕಲ್ಲು, ಯುದ್ಧ, ಕೀರ್ತಿ, ಜನ, ಒಡೆಯ, ಉಡುಗೊರೆ. ಮಗು ಹುಟ್ಟಿದಾಗ ಅಪ್ಪನ ಹೆಸರಿನಿಂದ ಒಂದು ತುಂಡು, ಅಮ್ಮನ ಹೆಸರಿನಿಂದ ಇನ್ನೊಂದು ತುಂಡು ತೆಗೆದು ಜೋಡಿಸಿಬಿಡುವುದೂ ಉಂಟು. ಇಂಗ್ಲೆಂಡಿನ ವೂಸ್ಟರಿನಲ್ಲಿ ಹನ್ನೊಂದನೇ ಶತಮಾನದಲ್ಲಿ ಬಿಷಪ್ ಆಗಿದ್ದ ವುಲ್ಫ್‌ಸ್ಟಾನನ ತಂದೆ ಎಥೆಲ್‌ಸ್ಟಾನ್, ತಾಯಿ ವುಲ್ಫ್‌ಗಿಫು. ತಾಯಿಯ ‘ವುಲ್ಫ್’ ಮತ್ತು ತಂದೆಯ ‘ಸ್ಟಾನ್’ ಸೇರಿ ಮಗನಾದ. ತೋಳಕಲ್ಲು ಎಂದರೇನು ಎಂದು ಕೇಳಿದರೆ ಆ ದಂಪತಿ ನಕ್ಕು ಸುಮ್ಮನಾಗುತ್ತಿದ್ದರೇನೋ. ಅಲ್ಲಿ ಮುಖ್ಯವಾದದ್ದು ಮಗ ಯಾರ ಮನೆಯವನು ಎಂಬುದು.

ಥಿಯೊಡೊರಿಕನ ಮನೆಯಲ್ಲೂ ಇದೇ ಲೆಕ್ಕ. ತಂದೆ ಥಿಯುದಿಮೀರ್, ದೊಡ್ಡಪ್ಪ ವಾಲಮೀರ್, ಚಿಕ್ಕಪ್ಪ ವಿದಿಮೀರ್: ಅಣ್ಣತಮ್ಮಂದಿರೆಲ್ಲ ‘ಮೀರ್’. ಮಕ್ಕಳಿಗೆ ಬಂದದ್ದು ತಂದೆಯ ಮೊದಲ ತುಂಡು. ಹಾಗಾಗಿ ಒಬ್ಬ ಥಿಯೊಡೊರಿಕ್, ತಮ್ಮ ಥಿಯೊಡಿಮುಂದ್. ತಂಗಿಯ ಮಗ ಥಿಯೊಡಹಾದ್, ಮಗಳೊಬ್ಬಳು ಥಿಯೊಡೆಗೋಥಾ. ಮೊಮ್ಮಗನಿಗೆ ಹೋದದ್ದು ಹಿಂದಿನ ತುಂಡು: ಅಥಲರಿಕ್. ಪಟ್ಟಿ ಹಿಡಿದು ಕೂತರೆ ವಂಶವೃಕ್ಷ ತಾನಾಗಿ ಬಿಡಿಸಿಕೊಳ್ಳುತ್ತದೆ.

ಇನ್ನೊಂದು ಗೊಂದಲವನ್ನು ಈಗಲೇ ಬಗೆಹರಿಸಿಬಿಡೋಣ. ಥಿಯೊಡೋರ್ ಎಂಬ ಹೆಸರು ಬಲ್ಲವರಿಗೆ ಥಿಯೊಡೊರಿಕ್ ಅದರ ಅಣ್ಣನಂತೆ ಕಾಣುತ್ತದೆ. ಸಂಬಂಧವೇ ಇಲ್ಲ. ಥಿಯೊಡೋರ್ ಗ್ರೀಕ್ ಹೆಸರು, ದೇವರ ಕೊಡುಗೆ ಎಂದರ್ಥ. ಗ್ರೀಕ್ ಹೆಸರುಗಳನ್ನು ಬರೆದು ಪಳಗಿದ ಲ್ಯಾಟಿನ್ ಲಿಪಿಕಾರರ ಕೈಯಲ್ಲಿ ಗಾಥರ ‘ಥಿಯುದ’ಕ್ಕೆ ಗ್ರೀಕ್ ಕಾಗುಣಿತ ಬಂತು, ಅಷ್ಟೇ.

ಗಾಥರ ನುಡಿಯಲ್ಲಿ ಈ ಎರಡು ಪದಗಳಿದ್ದವು ಎಂದು ನಮಗೆ ಗೊತ್ತಾಗುವುದು ಸ್ವೀಡನ್ನಿನ ಉಪ್ಸಾಲಾದಲ್ಲಿರುವ ಒಂದು ಹಸ್ತಪ್ರತಿಯಿಂದ. ನೇರಳೆ ಬಣ್ಣ ಹಾಕಿದ ಚರ್ಮದ ಹಾಳೆಗಳ ಮೇಲೆ ಬೆಳ್ಳಿ, ಬಂಗಾರದ ಮಸಿಯಲ್ಲಿ ಬರೆದ ಸುವಾರ್ತೆಗಳು. ನಾಲ್ಕನೇ ಶತಮಾನದಲ್ಲಿ ವುಲ್ಫಿಲ ಎಂಬ ಬಿಷಪ್ ಗಾಥಿಕ್‌ಗೆ ಮಾಡಿದ ಅನುವಾದದ ಪ್ರತಿ ಇದು. ಮೂಲದಲ್ಲಿ 336 ಹಾಳೆಗಳಿದ್ದವು, ಇಂದು ಉಳಿದಿರುವುದು 188. ಪ್ರತಿ ಮಾಡಿದ್ದು ಆರನೇ ಶತಮಾನದ ಇಟಲಿಯಲ್ಲಿ, ಬಹುಶಃ ಥಿಯೊಡೊರಿಕನ ರವೆನ್ನಾದಲ್ಲೇ. ಇದರ ಮತ್ತಾಯನ ಭಾಗದಲ್ಲಿ, ಮಗಳನ್ನು ಬದುಕಿಸು ಎಂದು ಯೇಸುವಿನ ಬಳಿ ಬರುವ ಅಧಿಕಾರಿಯನ್ನು ‘ರೀಕ್ಸ್’ ಎಂದೇ ಕರೆದಿದೆ. ಕಿರೀಟ ತೊಟ್ಟ ರಾಜನಿಗೆ ವುಲ್ಫಿಲ ಬಳಸುವ ಪದ ಬೇರೆ, ‘ಥಿಯುದನ್ಸ್’. ಎಂದರೆ ಗಾಥರ ಮಾತಿನಲ್ಲಿ ರೀಕ್ಸ್ ಎಂದರೆ ಪ್ರಭಾವಿ, ಅಧಿಕಾರ ಉಳ್ಳವನು. ನಮ್ಮ ‘ಗೌಡ’, ‘ನಾಯಕ’ ಪದಗಳಷ್ಟು ಹರವಾದ ಅರ್ಥ.

ಇನ್ನು ‘ರೀಕ್ಸ್’ನ ಜಾತಕ. ಲ್ಯಾಟಿನ್ನಿನ ‘ರೇಕ್ಸ್’, ಸಂಸ್ಕೃತದ ‘ರಾಜ್’, ಗಾಥಿಕ್‌ನ ‘ರೀಕ್ಸ್’ ಮೂರೂ ಒಂದೇ ಬೇರಿನವು. ಹಾಗೆ ನೋಡಿದರೆ ಆ ಪದಕದ ಮೇಲೆ ‘ರೇಕ್ಸ್’ ಬಿರುದಾಗಿಯೂ ‘ರಿಕ್’ ಹೆಸರಾಗಿಯೂ ಒಂದೇ ಪದ ಎರಡು ಸಲ ಬಂದಿದೆ; ಹಿಂಬದಿಯ ‘ಗೆಂಟಿಯುಮ್’ ಕೂಡ ನಮಗೆ ಪರಿಚಿತವಾದ ‘ಜನ’ದ ದಾಯಾದಿ. ಆದರೆ ಭಾಷಾವಿಜ್ಞಾನಿ ಇಷ್ಟಕ್ಕೇ ಖುಷಿಪಡುವುದಿಲ್ಲ. ಒಂದೇ ಬೇರಿನ ಪದ ಅಂದಮೇಲೆ ಪ್ರತಿ ಭಾಷೆಯಲ್ಲೂ ಅದು ಆ ಭಾಷೆಯ ನಿಯಮದ ಪ್ರಕಾರವೇ ಬದಲಾಗಿರಬೇಕು. ಇಲ್ಲಿ ಒಂದು ಕಡೆ ನಿಯಮ ಮುರಿದಿದೆ.

ಕೊರೆ ಇರುವುದು ಸ್ವರದಲ್ಲಿ. ಈ ಭಾಷೆಗಳಿಗೆಲ್ಲ ತಾಯಿಯಾದ ಮೂಲ ಇಂಡೋ-ಯುರೋಪಿಯನ್ನಿನ ಪದದಲ್ಲಿದ್ದದ್ದು ದೀರ್ಘ ‘ಏ’. ಲ್ಯಾಟಿನ್ ಅದನ್ನು ಹಾಗೇ ಉಳಿಸಿಕೊಂಡಿತು. ಸಂಸ್ಕೃತ ‘ಆ’ ಮಾಡಿತು. ಗಾಲ್ (ಇಂದಿನ ಫ್ರಾನ್ಸ್ ಸೀಮೆ), ಬ್ರಿಟನ್, ಐರ್ಲೆಂಡುಗಳಲ್ಲಿ ಹರಡಿದ್ದ ಕೆಲ್ಟಿಕ್ ಭಾಷೆಗಳು ‘ಈ’ ಮಾಡಿದವು. ಗಾಥಿಕ್? ಲ್ಯಾಟಿನ್ನಿನಂತೆ ‘ಏ’ಯನ್ನೇ ಇಟ್ಟುಕೊಂಡಿತು. ಬೀಜಕ್ಕೆ ಈ ಭಾಷೆಗಳು ಏನೆನ್ನುತ್ತವೆ ನೋಡಿ: ಲ್ಯಾಟಿನ್ನಲ್ಲಿ ‘ಸೇಮೆನ್’, ಹಳೆಯ ಐರಿಷ್‌ನಲ್ಲಿ ‘ಸೀಲ್’, ಗಾಥಿಕ್‌ನಲ್ಲಿ ‘ಸೇಥ್ಸ್’. ಇದೇ ದಾರಿಯಲ್ಲಿ ಬಂದಿದ್ದರೆ ಗಾಥರ ಒಡೆಯ ‘ರೇಕ್ಸ್’ ಆಗಬೇಕಿತ್ತು. ಆದರೆ ಅವನು ‘ರೀಕ್ಸ್’. ಆ ‘ಈ’ ಗಾಥರ ಮನೆಯದ್ದಲ್ಲ, ಕೆಲ್ಟರ ಮನೆಯದ್ದು. ಪದ ಕಡವಾಗಿ ಬಂದಿದೆ.

ಯಾವಾಗ ಬಂತು ಎನ್ನುವುದಕ್ಕೂ ಒಳಗೇ ಗುರುತಿದೆ. ಜರ್ಮಾನಿಕ್ ಭಾಷೆಗಳು ತಮ್ಮ ನಂಟರಿಂದ ಬೇರೆಯಾದದ್ದು ವ್ಯಂಜನಗಳ ಒಂದು ಸಾಮೂಹಿಕ ಜರುಗಿನಿಂದ. ಡೆನ್ಮಾರ್ಕಿನ ರಾಸ್ಮುಸ್ ರಾಸ್ಕ್ 1818ರಲ್ಲಿ ಇದನ್ನು ಗುರುತಿಸಿದ. 1822ರಲ್ಲಿ ಜರ್ಮನಿಯ ಯಾಕೋಬ್ ಗ್ರಿಮ್ ನಿಯಮವಾಗಿ ಕಟ್ಟಿದ. ಹೆಸರು ಉಳಿದದ್ದು ಗ್ರಿಮ್‌ನದು. ‘ಪ’ ಹೋಗಿ ‘ಫ’ ಬಂತು: ಪಿತೃ, ಫಾದರ್. ‘ತ’ ಹೋಗಿ ಹಲ್ಲಿಗೆ ನಾಲಿಗೆ ಸವರುವ ‘ಥ’ ಬಂತು: ತ್ರಿ, ಥ್ರೀ. ‘ಗ’ ಹೋಗಿ ‘ಕ’ ಬಂತು: ಲ್ಯಾಟಿನ್ನಿನ ‘ಗೆನು’ ಎಂದರೆ ಮೊಣಕಾಲು, ಗಾಥಿಕ್‌ನಲ್ಲಿ ‘ಕ್ನಿಯು’. ಕೆಲ್ಟಿಕ್ ಪದದ ಬುಡ ‘ರೀಗ್’. ಜರ್ಮಾನಿಕ್‌ನಲ್ಲಿ ಅದು ‘ರೀಕ್’ ಆಗಿದೆ. ಎಂದರೆ ಕಡ ತಂದ ಪದವೂ ಗ್ರಿಮ್ ಜರುಗಿಗೆ ಸಿಕ್ಕಿಬಿದ್ದಿದೆ. ಜರುಗು ಮುಗಿದ ಮೇಲೆ ಬಂದಿದ್ದರೆ ‘ಗ’ ಹಾಗೇ ಉಳಿಯುತ್ತಿತ್ತು.

ಕನ್ನಡದವರಿಗೆ ಈ ತರ್ಕ ಹೊಸದೇನಲ್ಲ. ಹಳಗನ್ನಡದ ಪಾಲು, ಪುಲಿ, ಪೊನ್ ನಡುಗನ್ನಡದ ಹೊತ್ತಿಗೆ ಹಾಲು, ಹುಲಿ, ಹೊನ್ನು ಆದವು. ಈಗ ‘ಹಬ್ಬ’ ನೋಡಿ. ಅದು ಅಚ್ಚಗನ್ನಡವಲ್ಲ, ಸಂಸ್ಕೃತದ ‘ಪರ್ವ’ ಪ್ರಾಕೃತದ ದಾರಿಯಲ್ಲಿ ‘ಪಬ್ಬ’ವಾಗಿ ಬಂದದ್ದು. ಬಂದು ನೆಲೆಯೂರಿದ ಮೇಲೆ ಪಕಾರ ಹಕಾರವಾಗುವ ಗಾಳಿ ಬೀಸಿತು, ಅದೂ ಹಾಲು ಹುಲಿಗಳ ಜೊತೆ ‘ಹಬ್ಬ’ವಾಯಿತು. ‘ಪುಸ್ತಕ’ದಿಂದ ಬಂದ ‘ಪೊತ್ತಗೆ’ ಹಾಗೆಯೇ ‘ಹೊತ್ತಿಗೆ’ಯಾಯಿತು. ಅದೇ ‘ಪುಸ್ತಕ’ವನ್ನು ಸಂಸ್ಕೃತದಿಂದ ನೇರವಾಗಿ ಎತ್ತಿಕೊಂಡದ್ದಕ್ಕೆ ಗಾಳಿ ತಾಕಿಲ್ಲ. ಶಾಸನದ ಗೊಡವೆಯಿಲ್ಲದೆ ಯಾವುದು ಹಳೆಯ ಸಾಲ ಎಂದು ಬರೀ ‘ಹ’ ನೋಡಿ ಹೇಳಬಹುದು. ‘ರೀಕ್ಸ್’ನ ‘ಕ’ ಹೇಳುವುದೂ ಅದನ್ನೇ.

ಗ್ರಿಮ್ ಜರುಗು ನಡೆದದ್ದು ಕ್ರಿಸ್ತಪೂರ್ವ ಮೊದಲ ಸಹಸ್ರಮಾನದಲ್ಲಿ ಎಂಬುದು ಸಾಮಾನ್ಯ ಒಪ್ಪಿಗೆ. ಆಗ ಮಧ್ಯ ಯುರೋಪಿನಲ್ಲಿ ಕೈ ಮೇಲಾಗಿದ್ದದ್ದು ಕೆಲ್ಟರದು. ಉತ್ತರದ ಜರ್ಮಾನಿಕ್ ಕುಲಗಳು ಅವರಿಂದ ಇನ್ನೇನು ಪಡೆದವು ನೋಡಿದರೆ ಚಿತ್ರ ತಿಳಿಯಾಗುತ್ತದೆ. ಇಂಗ್ಲಿಷಿನ ‘ಐರನ್’, ಜರ್ಮನ್ನಿನ ‘ಐಸೆನ್’ ಎರಡರ ಮೂಲವಾದ ಕಬ್ಬಿಣದ ಪದ ಕೆಲ್ಟಿಕ್‌ನದು. ಇಂದಿನ ಜರ್ಮನಿಯಲ್ಲಿ ಸರಕಾರಿ ಕಚೇರಿಗೆ ಹೇಳುವ ‘ಆಮ್ಟ್’ ಕೂಡ ಮೂಲದಲ್ಲಿ ಕೆಲ್ಟರ ‘ಅಂಬಾಕ್ಟೋಸ್’, ದೊಡ್ಡವರ ಬೆನ್ನ ಹಿಂದೆ ಇರುವ ಆಳು. ಕಬ್ಬಿಣ, ಊಳಿಗ, ಒಡೆತನ. ಬಾಳೆಹಣ್ಣು, ಮೆಣಸಿನಕಾಯಿಯಂತೆ ಸಂತೆಯಲ್ಲಿ ಕೈ ಬದಲಾಗುವ ಪದಗಳಲ್ಲ ಇವು. ಯಾರು ಯಾರನ್ನು ನೋಡಿ ಆಳುವುದನ್ನು ಕಲಿತರು ಎಂಬುದರ ಸುಳಿವು ಇಲ್ಲಿದೆ ಎಂದು ನನಗನ್ನಿಸುತ್ತದೆ. ‘ರೀಕ್’ನಿಂದಲೇ ಮುಂದೆ ಜರ್ಮನ್ನರ ‘ರೈಖ್’ ಬಂತು, ಇಂಗ್ಲಿಷರ ‘ರಿಚ್’ ಬಂತು. ಅಧಿಕಾರವಿದ್ದವನಿಗೆ ದುಡ್ಡೂ ಇದ್ದೇ ಇರುತ್ತದೆ ಎಂಬ ಲೋಕಜ್ಞಾನ ಆ ಕಾಲಕ್ಕೇ ಇತ್ತು.

‘ಥಿಯುದ’ದ ಕಥೆ ಇಷ್ಟು ತಿರುವುಮುರುವಾಗಿಲ್ಲ. ಐರಿಷ್‌ನ ‘ತೂಅಥ್’, ಲಿಥುವೇನಿಯನ್ನಿನ ‘ತೌತ’ ಅದರ ಒಡಹುಟ್ಟುಗಳು. ‘ಜನರದು’ ಎಂಬ ಅರ್ಥದಲ್ಲಿ ಅದರಿಂದಾದ ವಿಶೇಷಣವೇ ಲ್ಯಾಟಿನ್ ಓದಿದ ಪಾದ್ರಿಗಳ ಭಾಷೆಯಿಂದ ಬೇರೆ ಮಾಡಿ ಊರವರ ಮಾತನ್ನು ಕರೆಯುವ ಪದವಾಯಿತು. 786ರ ಒಂದು ವರದಿಯಲ್ಲಿ ಅದು ‘ಥಿಯೊಡಿಸ್ಕುಸ್’ ಎಂಬ ಲ್ಯಾಟಿನ್ ವೇಷದಲ್ಲಿದೆ. ಇಂದಿನ ‘ಡಾಯ್ಚ್’, ‘ಡಚ್’ ಎರಡೂ ಅದೇ.

ಇಡೀ ಹೆಸರಿನ ಕೆಲ್ಟಿಕ್ ಜೋಡಿಯೂ ಸಿಕ್ಕಿದೆ. ಜರ್ಮನಿಯ ವೀಸ್‌ಬಾಡೆನ್ನಿನ ರೋಮನ್ ಕಾಲದ ಶಾಸನವೊಂದು ಅಪೊಲೊ ದೇವರನ್ನು ‘ತೌತಿಯೊರಿಕ್ಸ್’ ಎಂದು ಕರೆಯುತ್ತದೆ. ಕ್ರಿ.ಶ. 17ರಲ್ಲಿ ರೋಮಿನ ಸೇನಾಪತಿ ಜರ್ಮಾನಿಕುಸ್ ವಿಜಯದ ಮೆರವಣಿಗೆ ಹೊರಡಿಸಿದಾಗ ಅದರಲ್ಲಿ ನಡೆಸಿಕೊಂಡು ಬಂದ ಸೆರೆಯಾಳುಗಳ ಪೈಕಿ ಒಬ್ಬ ರೈನ್ ತೀರದ ಸುಗಾಂಬ್ರಿ ಕುಲದ ‘ದೆಯುದೊರಿಕ್ಸ್’, ಬೈತೊರಿಕ್ಸನ ಮಗ. ಭೂಗೋಳಕಾರ ಸ್ಟ್ರಾಬೋ ಬರೆದಿಟ್ಟಿದ್ದಾನೆ. ನಮ್ಮ ರವೆನ್ನಾದ ದೊರೆಗಿಂತ ನಾಲ್ಕೂವರೆ ಶತಮಾನ ಹಿಂದಿನವನು, ಹೆಸರು ಒಂದೇ.

ರವೆನ್ನಾದ ದೊರೆ ಸತ್ತ ಹದಿನಾಲ್ಕೇ ವರ್ಷಕ್ಕೆ ಆ ಊರು ಬೈಜಾಂಟಿಯಮ್ಮಿನ, ಅಂದರೆ ಪೂರ್ವ ರೋಮನ್ ಸಾಮ್ರಾಜ್ಯದ, ಪಾಲಾಯಿತು. ಗಾಥರ ಕ್ರೈಸ್ತ ಪಂಥ ಹೊಸಬರಿಗೆ ಪಾಷಂಡ. ಸಾಂತ್ ಅಪೊಲ್ಲಿನಾರೆ ನುವೊವೊ ಚರ್ಚಿನ ಗೋಡೆಯ ಮೇಲೆ ಥಿಯೊಡೊರಿಕನ ಅರಮನೆಯ ಒಂದು ದೊಡ್ಡ ಮೊಸಾಯಿಕ್ ಚಿತ್ರವಿದೆ. ಕಮಾನುಗಳ ಕೆಳಗೆ ನಿಂತಿದ್ದ ಆಸ್ಥಾನದವರನ್ನೆಲ್ಲ ಕಿತ್ತು ಅಲ್ಲಿ ಪರದೆಗಳನ್ನು ಕೂರಿಸಿದರು. ಕೆಲಸ ನಾಜೂಕಾಗಿ ಆಗಿಲ್ಲ. ಕಂಬಗಳ ಮೇಲೆ ಚಾಚಿದ್ದ ಒಂದೆರಡು ಕೈಗಳು ಇವತ್ತಿಗೂ ಅಲ್ಲೇ ಇವೆ, ಮೈ ಇಲ್ಲ.

ಹೆಸರನ್ನು ಕೀಳುವುದು ಅಷ್ಟು ಸುಲಭವಾಗಲಿಲ್ಲ. ಜರ್ಮನ್ನರ ಲಾವಣಿಗಳಲ್ಲಿ ಅವನು ‘ಬೆರ್ನ್‌ನ ಡೀಟ್ರಿಖ್’ ಆದ. ಬೆರ್ನ್ ಎಂದರೆ ಸ್ವಿಟ್ಜರ್ಲೆಂಡಿನದಲ್ಲ, ಇಟಲಿಯ ವೆರೋನಾ. ಕಥೆಗಳಲ್ಲಿ ಇವನು ಹೂಣರ ಅಟಿಲನ ಆಸ್ಥಾನದಲ್ಲಿ ಆಶ್ರಯ ಪಡೆದ ವೀರ. ಅಟಿಲ ಸತ್ತದ್ದು 453ರಲ್ಲಿ, ಥಿಯೊಡೊರಿಕ್ ಹುಟ್ಟಿದ್ದು ಸುಮಾರು 454ರಲ್ಲಿ. ಲಾವಣಿಕಾರರಿಗೆ ಪಂಚಾಂಗದ ಹಂಗಿಲ್ಲ. ಸ್ವೀಡನ್ನಿನ ರ‍್ಯೋಕ್ ಎಂಬಲ್ಲಿ ಒಂಬತ್ತನೇ ಶತಮಾನದ ಕಲ್ಲೊಂದರ ಮೇಲೆ ರೂನ್ ಅಕ್ಷರಗಳಲ್ಲಿ ಕುದುರೆ ಏರಿ ಗುರಾಣಿ ಕಟ್ಟಿದ ಥಿಯೊಡೊರಿಕನ ಮೇಲೆ ಒಂದು ಪದ್ಯವೇ ಇದೆ. ವೆರೋನಾದ ಸಾನ್ ಜೆನೋ ಚರ್ಚಿನ ಮುಂಬಾಗಿಲ ಶಿಲ್ಪದಲ್ಲಿ ಮಾತ್ರ ಅವನು ಕುದುರೆಯ ಮೇಲೆ ನೇರ ನರಕಕ್ಕೆ ಸವಾರಿ ಹೊರಟಿದ್ದಾನೆ.

ಜನ ಬಾಯಲ್ಲಿ ಸವೆಸಿದಂತೆ ಹೆಸರು ಗುರುತು ಸಿಗದಷ್ಟು ಒಡೆಯಿತು. ಜರ್ಮನ್ನಿನಲ್ಲಿ ಡೀಟ್ರಿಖ್, ಡಚ್ಚರಲ್ಲಿ ಡಿರ್ಕ್, ಫ್ರೆಂಚರಲ್ಲಿ ತಿಯೆರಿ. ಡಚ್ ಸೀಮೆಯಿಂದ ಇಂಗ್ಲೆಂಡಿಗೆ ದಾಟಿ ಡೆರೆಕ್. ಫ್ರಾನ್ಸಿನ ಫುಟ್‌ಬಾಲ್ ಆಟಗಾರ ತಿಯೆರಿ ಆನ್ರಿಯ ಕುಲನಾಮದ ಮೂಲ ‘ಹೈಮ್‌ರಿಖ್’, ಮನೆಯೊಡೆಯ. ಆ ಒಂದು ಹೆಸರಿನಲ್ಲಿ ಕೆಲ್ಟರಿಂದ ತಂದ ಒಡೆಯ ಎರಡು ಸಲ ಇದ್ದಾನೆ. ವಿಜ್ಞಾನದ ಚರಿತ್ರೆ ಓದಿದವರಿಗೆ ಫ್ರೈಬರ್ಗಿನ ಥಿಯೊಡೊರಿಕ್ ಗೊತ್ತಿರಬಹುದು: ನೀರು ತುಂಬಿದ ಗಾಜಿನ ಗೋಳಗಳನ್ನು ಬಿಸಿಲಿಗೆ ಹಿಡಿದು, ಮಳೆಹನಿಯೊಳಗೆ ಬೆಳಕು ಬಾಗಿ, ಪ್ರತಿಫಲಿಸಿ, ಮತ್ತೆ ಬಾಗಿ ಹೊರಬರುವುದರಿಂದ ಕಾಮನಬಿಲ್ಲು ಮೂಡುತ್ತದೆ ಎಂದು 1310ರ ಸುಮಾರಿಗೆ ವಿವರಿಸಿದ ಸನ್ಯಾಸಿ. ಅವನ ಊರವರು ಅವನನ್ನು ಕರೆಯುತ್ತಿದ್ದದ್ದು ಡೀಟ್ರಿಖ್ ಎಂದೇ.

ಹೆಸರು ಮನುಷ್ಯರಿಗಷ್ಟೇ ಉಳಿಯಲಿಲ್ಲ, ವಸ್ತುಗಳಿಗೂ ಅಂಟಿತು. ಸುಮಾರು 1600ರಲ್ಲಿ ಲಂಡನ್ನಿನ ಟೈಬರ್ನ್‌ನಲ್ಲಿ ಡೆರಿಕ್ ಎಂಬ ಹೆಸರಾಂತ ನೇಣುಗಾರನಿದ್ದ. ಜನ ಗಲ್ಲುಗಂಬವನ್ನೇ ಡೆರಿಕ್ ಎನ್ನತೊಡಗಿದರು, ಆಮೇಲೆ ಅದೇ ಆಕಾರದ ಭಾರ ಎತ್ತುವ ಯಂತ್ರವನ್ನು, ಕೊನೆಗೆ ತೈಲಬಾವಿಯ ಮೇಲೆ ನಿಲ್ಲುವ ಉಕ್ಕಿನ ಚೌಕಟ್ಟನ್ನು. ಜರ್ಮನಿಯಲ್ಲಿ ಬೀಗದ ಕೈ ಕಳೆದುಕೊಂಡು ಬಾಗಿಲ ಹೊರಗೆ ನಿಂತವರು ಬೀಗ ತೆಗೆಯುವವನನ್ನು ಕರೆಸಿದರೆ, ಅವನು ಚೀಲದಿಂದ ತೆಗೆಯುವ ಕೊಕ್ಕೆ ಕಂಬಿಯ ಹೆಸರೂ ಡೀಟ್ರಿಖ್. ಮಧ್ಯಯುಗದ ಕಳ್ಳರು ಚೇಷ್ಟೆಗೆ ಇಟ್ಟ ಹೆಸರು ಅಂಗಡಿಯ ಪಟ್ಟಿಗೂ ಏರಿಬಿಟ್ಟಿದೆ.